ಲಾರಿ ಆಟದ ಮೇಲಿನ ಪರದೆ

ಬನಶಂಕರಿ ಎರಡನೇ ಹಂತ
ಭಾನುವಾರ, ೮ ನವೆಂಬರ್ ೨೦೦೯

ಚಿ. ಸೌ. ಶ್ರೀದೇವಿಗೆ ನಿನ್ನ ಅವ್ವ ಮಾಡುವ ಆಶೀರ್ವಾದಗಳು.

ಮೊದಲು ನಿನ್ನ ಬಾಗಿಲಲ್ಲಿ ನಿಂತಿರುವವರನ್ನು ಕೂರಿಸು. ಕೈ ಇರುವ ಕುರ್ಚಿ ಕೊಡು, ಬಲಮಗ್ಗುಲಿಗೆ ದಿಂಬು ಇಡು. ನೀರನ್ನು ಅರ್ಧ ಲೋಟ ಮಾತ್ರ ಕೊಡು. ತುಂಬ ಕೊಟ್ಟರೆ ಚೆಲ್ಲುತ್ತದೆ, ಚೆಲ್ಲಿದರೆ ಅವರಿಗೆ ಅವಮಾನವಾಗುತ್ತದೆ. ಆಮೇಲೆ ಇದನ್ನು ಓದು.

ಬಸವ ಜಯಂತಿಯಿಂದ ಈಚೆಗೆ ಒಂದು ಸಾಲನ್ನೂ ಬರೆಯದವಳು ಈಗ ಬರೆಯುವಾಗ ತಾನು ಯಾರೆಂದು ಹೇಳಿಕೊಳ್ಳುವುದು ನ್ಯಾಯ. ನಾನು ನೀಲಗಂಗಮ್ಮ. ರಾಣೇಬೆನ್ನೂರಿನ ಎಣ್ಣೆ ವ್ಯಾಪಾರದ ಮನೆಯ ಹಿರಿಯ ಮಗಳು. ಎಸ್ಸೆಸ್ಸೆಲ್ಸಿ ಒಂದೇ ಸಲಕ್ಕೆ ಪಾಸಾದವಳು. ಈ ಮನೆಗೆ ಸೊಸೆಯಾಗಿ ಬಂದು ಮೈದುನಂದಿರ ಮದುವೆ, ನಾದಿನಿಯ ಬಾಣಂತನ, ನಿಮ್ಮಿಬ್ಬರ ಓದು ಎಲ್ಲವನ್ನೂ ನೋಡಿದವಳು. ಅಕ್ಕನ ಬಳಗಕ್ಕೆ ಅಧ್ಯಕ್ಷೆ. ಈ ಬೀದಿಯಲ್ಲಿ ಯಾರ ಮನೆಯ ಜಗಳವಾದರೂ ಕೊನೆಗೆ ನನ್ನ ಹಜಾರಕ್ಕೆ ಬರುತ್ತದೆ, ನಾನು ಹೇಳಿದ ಮೇಲೆ ಮುಗಿಯುತ್ತದೆ. ನನ್ನ ಮಾತಿಗೆ ಎದುರು ಮಾತು ಬಂದದ್ದು ಒಂದೇ ಸಲ. ಅದು ನಿನ್ನಿಂದ.

ಬರೆಯುವುದು ತಡವಾಯಿತು. ಕ್ಷಮಿಸು ಎಂದು ಬರೆಯುವುದು ನನಗೆ ರೂಢಿಯಿಲ್ಲ, ತಡವಾಯಿತು ಎಂದು ಒಪ್ಪುತ್ತೇನೆ.

ಮನೆಯಲ್ಲಿ ಎಲ್ಲರೂ ಕ್ಷೇಮ. ನಿನ್ನ ಅಣ್ಣ ನಿಂಗರಾಜ ಅಂಗಡಿಗೆ ಹೊಸ ಬೋರ್ಡು ಹಾಕಿಸಿದ್ದಾನೆ, ಅಕ್ಷರ ಬಹಳ ಸಣ್ಣದಾಯಿತು ಎಂದೆ, ಕೇಳಲಿಲ್ಲ. ನಿನ್ನ ಅತ್ತಿಗೆ ಜಯಶೀಲಾಗೆ ಮೊಣಕಾಲು ನೋವು ಹಾಗೇ ಇದೆ, ಆದರೂ ಹಬ್ಬಕ್ಕೆ ಕಡುಬು, ಹೋಳಿಗೆ ಎಲ್ಲ ಅವಳೇ ಮಾಡಿದಳು. ಎದುರು ಮನೆಯ ದುಂಡವ್ವ ದೀಪಾವಳಿಯ ದಿನ ಬಂದು, "ಯಾಕಕ್ಕಾ, ಮಗಳು ಹಬ್ಬಕ್ಕೂ ಬರಲಿಲ್ವಲ್ಲ" ಎಂದು ಕೇಳಿದಳು. ಬ್ಯಾಂಕಿನಲ್ಲಿ ಆಡಿಟ್ ಇದೆ ಎಂದೆ. "ದೀಪಾವಳಿ ದಿನ ಯಾವ ಬ್ಯಾಂಕಕ್ಕಾ ತೆಗೆದಿರೋದು" ಎಂದು ಅವಳು ನಕ್ಕಳು. ನಾನು ಕಾಫಿ ತರಲು ಒಳಗೆ ಹೋದೆ.

ಬಸವ ಜಯಂತಿಯ ದಿನ ಏನಾಯಿತು ಎಂಬುದನ್ನು ನೀನು ಮರೆತಿರಲಾರೆ. ನಾನೂ ಮರೆತಿಲ್ಲ ಎಂದು ತಿಳಿಯಲಿ ಎಂದು ಬರೆಯುತ್ತೇನೆ. ಇವರಿಗೆ ಲಕ್ವ ಹೊಡೆದಾಗ ಡಾಕ್ಟರು ಹೇಳಿದ್ದು, ಬುದ್ಧಿಗೆ ಏನೂ ಆಗಿಲ್ಲ, ಬಲಗೈ ಬಲಗಾಲು ಸೋತಿವೆ, ನಾಲಿಗೆ ತಡವರಿಸುತ್ತದೆ, ಮಾತಿನ ಅಭ್ಯಾಸ ಮಾಡಿಸಿದರೆ ಮಾತು ಮರಳುತ್ತದೆ ಎಂದು. ಬಳಗದವರು ನೋಡಲು ಬಂದ ದಿನ ಇವರು ಏನೋ ಹೇಳಲು ಬಾಯಿ ತೆರೆದರು. ಅದು ಮಾತಾಗಿ ಬರಲಿಲ್ಲ. ಬಂದಿದ್ದವರಲ್ಲಿ ಒಬ್ಬಳ ಮೊಮ್ಮಗು ಕಿಸಕ್ಕನೆ ನಕ್ಕಿತು. ಅಂದಿನಿಂದ ಇವರು ಬಾಯಿ ಬಿಡಲಿಲ್ಲ. ಬಿಡುವುದು ಬೇಡ ಎಂದು ನಾನೂ ತೀರ್ಮಾನಿಸಿದೆ. ಬಸವ ಜಯಂತಿಯ ಊಟಕ್ಕೆ ಕೂತಾಗ ನೀನು ಮಾತಿನ ಶಾಲೆಗೆ ಸೇರಿಸೋಣ ಎಂದೆ. ಲಾರಿ ಬಿಡಿಭಾಗಗಳ ವ್ಯಾಪಾರಿಗಳ ಸಂಘದಲ್ಲಿ ಎದ್ದು ನಿಂತು ಭಾಷಣ ಮಾಡಿದವರು, ಸಣ್ಣ ಮಕ್ಕಳ ಜೊತೆ ಕೂತು ಪಪ್ಪ, ಬಬ್ಬ ಎನ್ನುವುದನ್ನು ನಾನು ನೋಡಲಾರೆ ಎಂದೆ. ಆಗ ನೀನು ಅಂದದ್ದು ಇದು:

"ಅಪ್ಪ ಸುಮ್ಮನಿರೋದು ನಿನಗೇ ಅನುಕೂಲ. ಮೊದಲಿಂದಾನೂ ಅವರ ಬಾಯಿ ನೀನೇ ಆಗಿದ್ದೆ."

ಊಟದ ಎಲೆಯ ಮುಂದೆ ಅಂದೆ. ಇವರ ಎದುರಿಗೆ ಅಂದೆ. ನಾನು ಈ ಹೊಸ್ತಿಲನ್ನು ಇನ್ನು ತುಳಿಯಬೇಡ ಎಂದೆ. ನೀನು ಚಪ್ಪಲಿ ಮೆಟ್ಟಿಕೊಂಡು ಹೋದೆ. ಅಳಿಯಂದಿರು ರಾಮಪ್ರಸಾದ ಮಾತ್ರ ತಿರುಗಿ ಬಂದು ನನಗೂ ಇವರಿಗೂ ನಮಸ್ಕಾರ ಮಾಡಿ ಹೋದರು.

ಅದಕ್ಕೂ ಮೊದಲೇ ನೀನು ಇವರ ಕೋಣೆಯಲ್ಲಿ ಕಂಪ್ಯೂಟರ್ ತಂದಿಟ್ಟು ಲಾರಿ ಓಡಿಸುವ ಆಟ ಹಾಕಿಕೊಟ್ಟಿದ್ದೆ. ನನಗೆ ಅದು ಇಷ್ಟವಿರಲಿಲ್ಲ, ಆದರೆ ತೆಗೆಸಲಿಲ್ಲ. ಜೀವನವಿಡೀ ಲಾರಿಯ ಬಿಡಿಭಾಗ ಮಾರಿದ ಮನುಷ್ಯ, ಒಂದು ದಿನವೂ ಸ್ಟೇರಿಂಗ್ ಹಿಡಿದವರಲ್ಲ. ಈಗ ಎಡಗೈಯ ಬೆರಳಿನಲ್ಲಿ ಯಾವುದೋ ದೇಶದ ರಸ್ತೆಯಲ್ಲಿ ಲಾರಿ ಓಡಿಸುತ್ತಿದ್ದರು. ನೀನು ಹೋದ ಮೇಲೆ ಆ ಆಟ ಇನ್ನೂ ಹೆಚ್ಚಾಯಿತು. ಸಂಜೆ ದೀಪ ಹಚ್ಚುವ ಹೊತ್ತಿಗೆ ಸರಿಯಾಗಿ ಹೋಗಿ ಕೂರುತ್ತಿದ್ದರು. ಒಮ್ಮೊಮ್ಮೆ ಗಂಟಲಲ್ಲಿ ನಗು ಕೇಳುತ್ತಿತ್ತು. ನಾನು ಬಂದವರಿಗೆಲ್ಲ, ಇವರಿಗೆ ಲಾರಿ ಆಟ ಒಂದಿದ್ದರೆ ಸಾಕು, ಬೇರೆ ಏನೂ ಬೇಡ ಎಂದು ಹೇಳುತ್ತಿದ್ದೆ. ಇವರಿಗೆ ಏನು ಬೇಕು ಏನು ಬೇಡ ಎಂದು ಹೇಳುವವಳು ನಾನೇ ಅಲ್ಲವೇ.

ಮುಂದಿನದು ನಿನಗೆ ಅರ್ಧ ಗೊತ್ತು. ನನಗೆ ಗೊತ್ತಾದ ಕ್ರಮದಲ್ಲಿ ಬರೆಯುತ್ತೇನೆ.

ದಸರಾ ಮುಗಿದ ಮೇಲೆ ಬಳಗದ ಕಾರ್ತಿಕ ದೀಪೋತ್ಸವಕ್ಕೆ ಕರೆಯೋಲೆ ಮಾಡಿಸಬೇಕಾಗಿತ್ತು. ಪ್ರೆಸ್ಸಿನವರು ಪ್ರತಿ ವರ್ಷ ತಪ್ಪು ಅಚ್ಚು ಹಾಕುತ್ತಾರೆ, ಈ ಸಲ ಮನೆಯಲ್ಲೇ ಟೈಪ್ ಮಾಡೋಣ ಎಂದು ನಾನೇ ಹೇಳಿದೆ. ಕಾಂಪ್ಲೆಕ್ಸಿನಲ್ಲಿ ಕಂಪ್ಯೂಟರ್ ರಿಪೇರಿ ಅಂಗಡಿ ಇಟ್ಟಿರುವ ಪಾಪಯ್ಯನನ್ನು ಕರೆಸಿದೆ. ಮೊದಲು ಟೈಪ್‌ರೈಟರ್ ರಿಪೇರಿ ಮಾಡುತ್ತಿದ್ದನಲ್ಲ, ಅವನೇ. ಇವರ ಕಂಪ್ಯೂಟರಿಗೆ ಕನ್ನಡ ಟೈಪಿಂಗ್ ಹಾಕಿಸಿದೆ. ಜಯಶೀಲಾ ಒಂದು ಮಧ್ಯಾಹ್ನ ಕೂತು ಕರೆಯೋಲೆ ಮುಗಿಸಿದಳು. ಒಂದು ತಪ್ಪೂ ಇರಲಿಲ್ಲ. ನಾನು ಹೆಮ್ಮೆಪಟ್ಟೆ.

ಅದೇ ಸಂಜೆಯಿಂದ ಇವರು ಬದಲಾದರು.

ಆಟಕ್ಕೆ ಕೂರುವುದು, ಕೀಬೋರ್ಡಿನ ಎಡತುದಿಯ ಎರಡು ಕೀಗಳನ್ನು ಒತ್ತುವುದು, ಮತ್ತೆ ಒತ್ತುವುದು, ಆಮೇಲೆ ಟೇಬಲ್ಲಿನ ಮೇಲೆ ಅಂಗೈ ಬಡಿಯುವುದು. ಲಾರಿ ರಸ್ತೆಯ ಪಕ್ಕ ನಿಂತೇ ಇರುತ್ತಿತ್ತು. ಜಯಶೀಲಾಳ ಸೆರಗು ಹಿಡಿದು ಪರದೆಯ ಹತ್ತಿರ ಎಳೆದರು, ಅವಳಿಗೆ ಏನೂ ತಿಳಿಯಲಿಲ್ಲ. ನಾನು ಒಳಗೆ ಹೋದರೆ ಕೈ ತೆಗೆದು ತೊಡೆಯ ಮೇಲೆ ಇಟ್ಟುಕೊಳ್ಳುತ್ತಿದ್ದರು. ಆಮೇಲೆ ಊಟ ಬಿಟ್ಟರು. ಹಾಲಿನಲ್ಲಿ ನೆನೆಸಿದ ರೊಟ್ಟಿಯನ್ನು ಬಾಯಿಯ ಹತ್ತಿರ ತಂದರೆ ಗೋಡೆಯ ಕಡೆ ಮುಖ ತಿರುಗಿಸುವರು. ಎರಡನೇ ಸಲ ಲಕ್ವ ಹೊಡೆಯಿತೋ ಎಂದು ಹೆದರಿ ಡಾಕ್ಟರನ್ನು ಮನೆಗೆ ಕರೆಸಿದೆ. ಬಿ.ಪಿ. ಸರಿಯಾಗಿದೆ ಎಂದರು. "ಮನಸ್ಸಿಗೆ ಏನಾದ್ರೂ ಬೇಜಾರಾಗಿದ್ಯಾ?" ಎಂದು ಇವರನ್ನು ಕೇಳಿದರು. ಇಲ್ಲ ಎಂದು ನಾನು ಉತ್ತರ ಹೇಳಿದೆ.

ಬೆಳಗಿನ ಪೂಜೆ ಒಂದನ್ನು ಮಾತ್ರ ಬಿಡಲಿಲ್ಲ. ಎಡ ಅಂಗೈಯ ಮೇಲೆ ಲಿಂಗ ಇರಿಸಿಕೊಂಡು ಕೂರುತ್ತಾರೆ, ಪೂಜೆ ಮಾಡಬೇಕಾದ ಬಲಗೈ ಏಳುವುದಿಲ್ಲ. ಲಕ್ವ ಹೊಡೆದಂದಿನಿಂದ ವಿಭೂತಿ ಧರಿಸುವುದು, ಪತ್ರೆ ಏರಿಸುವುದು ನನ್ನ ಕೈ. ಅಷ್ಟು ಹತ್ತಿರ ಕೂತು ದಿನವೂ ಅವರ ಮುಖ ನೋಡುತ್ತಿದ್ದೆ. ಆ ಮುಖದಲ್ಲಿ ಏನೋ ನಿಂತುಹೋಗಿತ್ತು. ಏನು ಎಂದು ಗೊತ್ತಾಗಲಿಲ್ಲ.

ಒಂದು ಸಂಜೆ ಮಜ್ಜಿಗೆಯ ಲೋಟ ಹಿಡಿದು ಅವರ ಕುರ್ಚಿಯ ಹಿಂದೆ ನಿಂತಿದ್ದೆ. ಇವರು ನಾನು ಬಂದದ್ದನ್ನು ನೋಡಿರಲಿಲ್ಲ. ಪರದೆಯ ಬಲಮೂಲೆಯಿಂದ ಒಂದು ಸಣ್ಣ ಬೂದು ಚೀಟಿ ಮೇಲಕ್ಕೆ ಎದ್ದಿತು. ಅದರಲ್ಲಿ ನಾಲ್ಕಾರು ಪದ ಇತ್ತು. ಇಂಗ್ಲಿಷ್ ಅಕ್ಷರದ ಕನ್ನಡ. ಕೂಡಿಸಿಕೊಂಡು ಓದುವಷ್ಟರಲ್ಲಿ ಮುಳುಗಿಹೋಯಿತು. ಸ್ವಲ್ಪ ಹೊತ್ತಿಗೆ ಇನ್ನೊಂದು ಎದ್ದಿತು. ಇದನ್ನು ಪೂರ್ತಿ ಓದಿದೆ.

"ಅಪ್ಪ, ಯಾಕೆ ಉತ್ತರ ಇಲ್ಲ? ನನ್ನ ಮೇಲೆ ಕೋಪಾನಾ?"

ಇವರು ಎಡತುದಿಯ ಆ ಎರಡು ಕೀಗಳನ್ನು ಒತ್ತಿದರು. ಏನೂ ಆಗಲಿಲ್ಲ. ಮತ್ತೆ ಒತ್ತಿದರು. ಚೀಟಿ ಇಳಿದುಹೋಯಿತು. ಇವರ ಭುಜ ಅಲುಗುತ್ತಿತ್ತು.

ಆಗ ನನಗೆ ತಿಳಿಯಿತು. ನೀನು ಹೊಸ್ತಿಲು ತುಳಿದಿರಲಿಲ್ಲ, ಆದರೆ ದಿನವೂ ಸಂಜೆ ನನ್ನ ಮನೆಯೊಳಗೆ ಬಂದು ಕೂತು ಮಾತಾಡಿ ಹೋಗುತ್ತಿದ್ದೆ. ನಾನು ಪಕ್ಕದ ದೇವರ ಮನೆಯಲ್ಲಿ ದೀಪ ಹಚ್ಚುತ್ತಿದ್ದೆ. ಈಗ ನಿನ್ನ ಮಾತು ಬರುತ್ತಿದೆ, ಇವರ ಉತ್ತರ ಹೋಗುತ್ತಿಲ್ಲ. ಎಲ್ಲವೂ ಕೇಳಿಸುತ್ತದೆ, ಹೇಳಲಾಗುವುದಿಲ್ಲ. ಒಮ್ಮೆ ನಾಲಿಗೆಗೆ ಆದದ್ದು ಎರಡನೇ ಸಲ ಬೆರಳಿಗೂ ಆಯಿತು. ಸರಿಮಾಡಿಸಿ ಎಂದು ನನ್ನನ್ನು ಕೇಳುವುದಕ್ಕೂ ಅವರಿಗೆ ದಾರಿಯಿರಲಿಲ್ಲ. ಕೇಳಿದರೆ ನಿನ್ನ ಹೆಸರು ಹೊರಗೆ ಬರುತ್ತಿತ್ತಲ್ಲ.

ನನಗೆ ಕೋಪ ಬರಲಿಲ್ಲ ಎಂದು ಬರೆದರೆ ನೀನು ನಂಬುವುದಿಲ್ಲ. ಬಂತು. ಮಜ್ಜಿಗೆಯ ಲೋಟವನ್ನು ಅಡುಗೆಮನೆಯ ಕಟ್ಟೆಯ ಮೇಲೆ ಕುಕ್ಕಿದ್ದಕ್ಕೆ ಜಯಶೀಲಾ ತಿರುಗಿ ನೋಡಿದಳು. ಆದರೆ ನನ್ನ ಮನೆಯಲ್ಲಿ ಕೆಟ್ಟ ವಸ್ತುವನ್ನು ನಾನು ಮೊದಲು ರಿಪೇರಿ ಮಾಡಿಸುತ್ತೇನೆ, ಯಾರದು ಎಂದು ಆಮೇಲೆ ಕೇಳುತ್ತೇನೆ. ಪಾಪಯ್ಯನನ್ನು ಮತ್ತೆ ಕರೆಸಿದೆ.

ಅವನು ಕೂತ ಕೂಡಲೇ ತಲೆ ಕೊಡವಿದ. "ಅಕ್ಕಾ, ಇದು ವೈರಸ್ಸು. ಗ್ಯಾರಂಟಿ. ಗೇಮ್ ಆಡೋ ಸಿಸ್ಟಮ್ಮು ಅಲ್ವಾ, ಹಿಂಗೇ ಆಗೋದು."

ಆಟ ಮೊದಲಿಂದಲೂ ಇದೆ, ನೀನು ಹಾಕಿದ ಮೇಲೆ ಕೆಟ್ಟಿದೆ ಎಂದೆ.

"ನಾನು ಹಾಕಿದ್ದು ಕನ್ನಡ ಅಕ್ಕಾ. ಕನ್ನಡದಿಂದ ಎಲ್ಲಾದ್ರೂ ವೈರಸ್ ಬರುತ್ತಾ?" ಎಂದು ಅವನು ರಾಜ್ಯೋತ್ಸವದ ಭಾಷಣದವರ ಹಾಗೆ ಎದೆಯ ಮೇಲೆ ಕೈ ಇಟ್ಟುಕೊಂಡ. ಏನೇನೋ ಒತ್ತಿದ, ಆರಿಸಿದ, ಹಚ್ಚಿದ. ಅವನು ಹೋದ ಮೇಲೆ ಲಾರಿಯೂ ಇಲ್ಲ, ಚೀಟಿಯೂ ಇಲ್ಲ. ಹೆಸರು ಹಾಕು, ಪಾಸ್‌ವರ್ಡ್ ಹಾಕು ಎಂಬ ಎರಡು ಖಾಲಿ ಪಟ್ಟಿಗಳು ಮಾತ್ರ ಉಳಿದವು. ಇವರು ಅದನ್ನು ನೋಡಿದರು. ಹಾಸಿಗೆಗೆ ಹೋಗಿ ಗೋಡೆಗೆ ಮುಖ ಮಾಡಿ ಮಲಗಿದರು. ಮಾರನೆಯ ದಿನ ಪೂಜೆಗೆ ಅಂಗೈ ಚಾಚಲಿಲ್ಲ. ಲಿಂಗದ ಕರಡಿಗೆ ಎದೆಯ ಮೇಲೆ ಹಾಗೇ ಇತ್ತು. ಈ ಮನೆಗೆ ನಾನು ಬಂದ ಮೇಲೆ ಅಂಥ ದಿನ ಕಂಡಿರಲಿಲ್ಲ. ನನ್ನ ಬಲಗೈಯಲ್ಲಿ ಪತ್ರೆ ಹಿಡಿದು ಎಷ್ಟು ಹೊತ್ತು ಕೂತಿದ್ದೆನೋ ತಿಳಿಯದು.

ನಿಂಗರಾಜ ಅಂಗಡಿಗೆ ಹೊರಟಿದ್ದ. ನಿಲ್ಲಿಸಿದೆ. "ನಿನ್ನ ತಂಗಿಗೆ ಫೋನ್ ಮಾಡು. ಸ್ಪೀಕರ್ ಹಾಕು. ನಾನು ಇಲ್ಲ ಅನ್ನು" ಎಂದೆ. ಅವನು ನನ್ನ ಮುಖ ನೋಡಿ ಚಪ್ಪಲಿ ಬಿಟ್ಟು ಒಳಗೆ ಬಂದ. ಇವರನ್ನು ಎಬ್ಬಿಸಿ ಕುರ್ಚಿಯಲ್ಲಿ ಕೂರಿಸಿದೆವು.

ನಿನ್ನ ಧ್ವನಿ ಬಂತು. ನೀನು ಮೊದಲು ಕೇಳಿದ್ದು, "ಅಣ್ಣ, ಅವ್ವ ಅಲ್ಲೇ ಇದಾಳಾ?" ಎಂದು.

"ಇಲ್ಲ. ಬಳಗಕ್ಕೆ ಹೋಗಿದಾಳೆ" ಎಂದ ನಿಂಗರಾಜ. ಸುಳ್ಳು ಹೇಳುವಾಗ ಅವನ ಕಿವಿ ಕೆಂಪಾಗುತ್ತದೆ, ನಿನಗೆ ಗೊತ್ತಲ್ಲ.

"ಅಪ್ಪ ಹೇಗಿದಾರೆ? ಎಷ್ಟು ದಿನದಿಂದ ಬರೀತಾ ಇದೀನಿ. ನಿನ್ನ ಕೇಳಿದ್ರೆ ಆರಾಮಾಗಿದಾರೆ ಅಂತೀಯ."

ಕಂಪ್ಯೂಟರ್ ಕೆಟ್ಟಿದೆ, ಹೆಸರು ಕೇಳುತ್ತಿದೆ ಎಂದು ಅವನು ಹೇಳಿದ. ನೀನು ಯೂಸರ್ ನೇಮ್ ಅಪ್ಪನ ಹೆಸರೇ, ಇಂಗ್ಲಿಷಿನಲ್ಲಿ, ಮಧ್ಯೆ ಜಾಗ ಬಿಡಬೇಡ ಎಂದೆ. ಅವನ ಒಂದು ಕೈಯಲ್ಲಿ ಫೋನು, ಇನ್ನೊಂದು ಕೈಯಿಂದ ಇವರ ಭುಜ ಹಿಡಿದಿದ್ದ. ಕೀಬೋರ್ಡಿನ ಮುಂದೆ ಇದ್ದವಳು ನಾನು.

ಇವರ ಹೆಸರನ್ನು ನಾನು ಬಾಯಿಬಿಟ್ಟು ಹೇಳಿದವಳಲ್ಲ. ಮದುವೆಯಾಗಿ ಬಂದ ದಿನ ನಾದಿನಿ ಬಾಗಿಲು ಅಡ್ಡಗಟ್ಟಿ ಒಡಪು ಹೇಳಿಸಿದಾಗ ಒಂದೇ ಒಂದು ಸಲ, ಅದೂ ಪದ್ಯದ ನಡುವೆ ಮುಚ್ಚಿಟ್ಟು. ಆಮೇಲೆ ರೇಷನ್ ಕಾರ್ಡಿನವರು, ಕರೆಂಟಿನವರು ಯಾರು ಕೇಳಿದರೂ ನಿನ್ನನ್ನು ಮುಂದೆ ತಳ್ಳುತ್ತಿದ್ದೆ. ನೀನು ಇಷ್ಟುದ್ದ ಇದ್ದೆ, ನನ್ನ ಸೆರಗಿನ ಹಿಂದಿನಿಂದ ಬಂದು ಆಫೀಸಿಗೆಲ್ಲ ಕೇಳುವ ಹಾಗೆ ನಿನ್ನಪ್ಪನ ಹೆಸರು ಕೂಗುತ್ತಿದ್ದೆ. ಬರೆಯುವುದನ್ನೂ ನಾನು ತಪ್ಪಿಸಿಕೊಂಡೇ ಬಂದೆ. ನನ್ನ ಸಹಿ ಎಲ್ಲ ಕಡೆಯೂ ನೀಲಗಂಗಮ್ಮ ಎಂದಷ್ಟೇ.

ಒಂದೊಂದೇ ಅಕ್ಷರ ಹುಡುಕಿ ಒತ್ತಿದೆ. ಇವರು ಪಕ್ಕದಲ್ಲಿ ಕೂತು ತಮ್ಮ ಹೆಸರು ಪರದೆಯ ಮೇಲೆ ಮೂಡುವುದನ್ನು ನೋಡುತ್ತಿದ್ದರು. ಅರ್ಧಕ್ಕೆ ಬಂದಾಗ ನನ್ನ ಕಡೆ ತಿರುಗಿದರು. ನಾನು ತಿರುಗಲಿಲ್ಲ.

"ಎಷ್ಟು ನಿಧಾನ ಕಣೋ! ಒಂದು ಬೆರಳಲ್ಲಿ ಹೊಡೀತಾ ಇದೀಯಾ?" ಎಂದು ನೀನು ಫೋನಿನಲ್ಲಿ ರೇಗಿಸಿದೆ. ಆಮೇಲೆ ಪಾಸ್‌ವರ್ಡ್ ಹೇಳಿದೆ. "ಅವ್ವನ ಹೆಸರು. ನಾನು ಬೇರೆ ಏನೇನೋ ಹೇಳ್ದೆ, ಅಪ್ಪ ಎಲ್ಲದಕ್ಕೂ ಬೇಡ ಅಂತ ತಲೆ ಅಲ್ಲಾಡಿಸಿದ್ರು. ಕೊನೆಗೆ ಅವರೇ ಒಂದೊಂದು ಅಕ್ಷರ ಒತ್ತಿದ್ದು."

ನಿಂಗರಾಜ ನನ್ನನ್ನು ನೋಡಿದ. ನಾನು ನನ್ನ ಹೆಸರನ್ನು ಒತ್ತಿದೆ. ಇವರ ಹೆಸರು ಅಕ್ಷರವಾಗಿ ಕಂಡಿತ್ತು, ನನ್ನದು ಕಪ್ಪು ಚುಕ್ಕಿಗಳಾಗಿ ಸಾಲಾಗಿ ನಿಂತಿತು. ಬಾಗಿಲು ತೆರೆಯಿತು.

ಆಮೇಲೆ ನೀನು ಹೇಳಿದ್ದನ್ನೆಲ್ಲ ಮಾಡಿದೆವು. ಸೆಟ್ಟಿಂಗ್ಸಿನೊಳಗೆ ಹೋಗಿ, ಆಟದ ನಡುವೆ ಬರೆಯುವ ಪರದೆ ತೆರೆಯಲಿ ಎಂಬಲ್ಲಿ ಟಿಕ್ ಇದೆಯೇ ನೋಡಿದೆವು. ಇತ್ತು. ಹೊರಗಿನ ಚಿತ್ರ ಒತ್ತಿ ಆಟ ಶುರು ಮಾಡಬೇಡ, ಇದರೊಳಗಿನ ಪಟ್ಟಿಯಿಂದಲೇ ಶುರು ಮಾಡು ಎಂದೆ ನೀನು. ಮಾಡಿದೆವು. ರಸ್ತೆ ಬಂತು, ಲಾರಿ ಬಂತು. ಇವರು ಎಡಗೈ ಚಾಚಿ ಶಿಫ್ಟ್, ಟ್ಯಾಬ್ ಎರಡನ್ನೂ ಒಟ್ಟಿಗೆ ಒತ್ತಿದರು. ಪರದೆ ಬರಲಿಲ್ಲ.

ನೀನು, "ಹೊಸದಾಗಿ ಏನಾದ್ರೂ ಹಾಕಿಸಿದ್ರಾ ಅದಕ್ಕೆ?" ಎಂದು ಕೇಳಿದೆ. ನಿಂಗರಾಜ ಇಲ್ಲ ಎಂದ. ಅವನಿಗೆ ಗೊತ್ತಿರಲಿಲ್ಲ. ಜಯಶೀಲಾ ತರಕಾರಿಗೆ ಹೋಗಿದ್ದಳು. ಗೊತ್ತಿದ್ದವಳು ನಾನೊಬ್ಬಳು. ನಾನು ಬಾಯಿ ಮುಚ್ಚಿಕೊಂಡಿದ್ದರೆ ನೀನು ಇನ್ನೂ ನಾಲ್ಕು ಕಡೆ ಹುಡುಕಿಸಿ, ಆಗಲಿಲ್ಲ ಎಂದು ಫೋನ್ ಇಡುತ್ತಿದ್ದೆ. ಇವರು ಎರಡು ಕೀಗಳ ಮೇಲಿಂದ ಬೆರಳು ತೆಗೆದೇ ಇರಲಿಲ್ಲ.

"ಬಳಗದ ಕರೆಯೋಲೆಗೆ ಕನ್ನಡ ಟೈಪಿಂಗ್ ಹಾಕಿಸಿದ್ದೇನೆ. ನಾನೇ ಹಾಕಿಸಿದ್ದು" ಎಂದೆ.

ನಿನ್ನ ಕಡೆ ಬಸ್ಸಿನ ಹಾರ್ನ್ ಒಂದು ಕೇಳಿಸಿತು. ನೀನು ಇಟ್ಟುಬಿಡುತ್ತೀಯ ಎಂದುಕೊಂಡೆ.

"ಕೆಳಗೆ ಬಲಗಡೆ ಗಡಿಯಾರದ ಪಕ್ಕ ಕ ಅಂತ ಇದೆಯಾ ನೋಡಿ" ಎಂದೆ ನೀನು.

ಇದೆ ಎಂದೆ.

"ಶಿಫ್ಟ್, ಟ್ಯಾಬ್ ಒತ್ತಿದಾಗ ಅದು ಬದಲಾಗುತ್ತಾ ನೋಡಿ."

ಒತ್ತಿದೆ. ಕ ಹೋಗಿ ಇಂಗ್ಲಿಷ್ ಅಕ್ಷರ ಬಂತು. ಮತ್ತೆ ಒತ್ತಿದರೆ ಕ ಬಂತು. ಹೇಳಿದೆ.

"ಎರಡಕ್ಕೂ ಅದೇ ಕೀ ಆಗಿಬಿಟ್ಟಿದೆ. ಕನ್ನಡದ್ದು ಮೊದಲು ಹಿಡ್ಕೊಳ್ಳುತ್ತೆ, ಆಟಕ್ಕೆ ಬಿಡಲ್ಲ. ಒಂದನ್ನ ಬದಲಾಯಿಸ್ಬೇಕು. ಆಟದ್ದು ಬದಲಾಯಿಸೋದು ಸುಲಭ."

"ಇವರ ಕೈಗೆ ರೂಢಿಯಾದದ್ದನ್ನು ಬದಲಾಯಿಸುವುದು ಬೇಡ. ಬಳಗದ್ದನ್ನು ತೆಗೆಯುವುದು ಹೇಗೆ, ಅದನ್ನು ಹೇಳು" ಎಂದೆ.

ಹೇಳಿದೆ. ನಾನು ತೆಗೆದೆ. ಮುಗಿದ ಮೇಲೆ ನೀನು, "ಇನ್ನೇನಾದ್ರೂ ಇದ್ರೆ ಹೇಳಿ" ಎಂದೆ. ಬ್ಯಾಂಕಿನ ಕೌಂಟರಿನಲ್ಲಿ ಹೇಳುವ ಹಾಗೆ. ಹುಟ್ಟಿದಾಗಿನಿಂದ ನನ್ನನ್ನು ನೀನು ಎಂದು ಕರೆದವಳು, ಆವತ್ತು ನೋಡಿ, ಹೇಳಿ ಎಂದೆ. ಏನೂ ಇಲ್ಲ ಎಂದು ನಾನು ಹೇಳಿದೆ. ಅಷ್ಟು ತಿಂಗಳ ಮೇಲೆ ನಮ್ಮಿಬ್ಬರ ನಡುವೆ ಆದ ಮಾತು ಎರಡು ಕೀಗಳ ವಿಷಯ.

ಇವರು ಒತ್ತಿದರು. ರಸ್ತೆಯ ಮೇಲೆ ಬೂದು ಪರದೆ ಇಳಿಯಿತು. ಲಾರಿ ಅದರ ಹಿಂದೆ ಮಬ್ಬಾಗಿ ಕಾಣುತ್ತಿತ್ತು. ಒಂದು ಕಡೆ ಗಡಿಯಾರ, ಒಂದು ಕಡೆ ನಿನ್ನ ಹೆಸರು, ಅಳಿಯಂದಿರ ಹೆಸರು, ಕೆಳಗೆ ಬರೆಯುವ ಜಾಗ. ನಿಂಗರಾಜ ಅಂಗಡಿಗೆ ಹೋದ. ಇವರು ಬೆರಳನ್ನು ಎತ್ತಿ ಹಿಡಿದು ಕಾದರು. ನಾನು ಹೋಗಲಿ ಎಂದು ಕಾಯುತ್ತಿದ್ದಾರೆಂದು ತಿಳಿಯಿತು. ನಾನು ಹೋಗಲಿಲ್ಲ. ಬಾಗಿಲ ಹಿಂದೆ ನಿಂತು ಇಣುಕುವುದು ನನಗೆ ಆಗದು. ಕಾಣುವ ಹಾಗೆ ನಿಂತೆ.

ಕೊನೆಗೆ ಅವರು ಬರೆದರು. ಅದು ನಿನಗೇ ಬಂದಿದೆ, ನಿನ್ನ ಹತ್ತಿರ ಇದೆ. "ಮಾತು ಕಲೀಬೇಕು ಮಗಾ."

ಈ ಮಾತನ್ನು ಅವರು ನಿನಗೆ ಹಿಂದೆಯೂ ಬರೆದಿದ್ದರೇ, ಎಷ್ಟು ಸಲ ಬರೆದಿದ್ದರು, ನಾನು ಕೇಳುವುದಿಲ್ಲ. ನಾನು ಕೇಳಿದ್ದು ಅವರನ್ನು. ಬೇಡ ಅಂದದ್ದು ಯಾರು ಎಂದು ಕೇಳಿದೆ. ಅವರು ನನ್ನ ಮುಖವನ್ನು ನೋಡಿದರು. ಟೈಪ್ ಮಾಡುವ ಅಗತ್ಯವಿರಲಿಲ್ಲ. ಮಧ್ಯಾಹ್ನ ರೊಟ್ಟಿ ತಿಂದರು.

ಮೊನ್ನೆ ಶುಕ್ರವಾರ ನಾನೊಬ್ಬಳೇ ಆಟೋ ಮಾಡಿಕೊಂಡು ಜೆ.ಪಿ. ನಗರದಲ್ಲಿ ನೀನು ಹೇಳುತ್ತಿದ್ದ ಮಾತಿನ ಶಾಲೆಗೆ ಹೋಗಿ ಬಂದೆ. ಮಕ್ಕಳಿದ್ದರು, ನಿಜ. ಇವರ ವಯಸ್ಸಿನವರೂ ಒಬ್ಬರಿದ್ದರು, ಇಸ್ತ್ರಿ ಮಾಡಿದ ಅಂಗಿ ಹಾಕಿಕೊಂಡು ಉರಿಯುವ ಮೇಣದಬತ್ತಿಯನ್ನು ಊದುತ್ತಿದ್ದರು. ಯಾರೂ ನಗುತ್ತಿರಲಿಲ್ಲ. ಹೇಳಿಕೊಡುವಾಕೆಯ ಹೆಸರು ಜಯದೇವಿ. ಪೇಷೆಂಟ್ ಹೆಸರೇನು ಎಂದು ಕೇಳಿದರು. ಮುಂದೆ ತಳ್ಳಲು ನೀನು ಪಕ್ಕದಲ್ಲಿರಲಿಲ್ಲ. ಹೇಳಿದೆ.

ಮನೆಯಲ್ಲಿ ಇವರ ಜೊತೆ ಇರುವವರು ಯಾರು ಎಂದು ಆಕೆ ಆಮೇಲೆ ಕೇಳಿದರು. ಯಾಕೆ ಎಂದೆ. "ಅವರು ಒಂದು ಮಾತು ಹೇಳೋಕೆ ಬಹಳ ಹೊತ್ತು ತಗೋತಾರಮ್ಮ. ಅಲ್ಲೀವರೆಗೆ ಕಾಯೋರು ಬೇಕು. ಪಾಪ ಅಂತ ಮಧ್ಯದಲ್ಲಿ ಅವರ ಮಾತು ಮುಗಿಸಿಕೊಡೋರು ಇದ್ರೆ ಮಾತು ಬರಲ್ಲ."

ಆಟೋದಲ್ಲಿ ಬರುವಾಗ ಯೋಚಿಸಿದೆ. ನನ್ನ ಗುಣ ನನಗೆ ಗೊತ್ತು. ಡಾಕ್ಟರು ಅವರನ್ನು ಕೇಳಿದಾಗ ಉತ್ತರ ಹೇಳಿದವಳು ನಾನು. ನಾನು ಕಾಯಲಾರೆ. ನೀನು ಕಾಯುತ್ತೀಯ. ಒಂದೇ ಬೆರಳಿನಲ್ಲಿ ಬರುವ ಉತ್ತರಕ್ಕೆ ಬಿ.ಟಿ.ಎಂ.ನ ನಿನ್ನ ಮನೆಯಲ್ಲಿ ಕೂತು ದಿನವೂ ಕಾದವಳು ನೀನು.

ಆದ್ದರಿಂದ ಇವರನ್ನು ನಿನ್ನ ಮನೆಗೆ ಕಳಿಸಿದ್ದೇನೆ. ನಾಳೆ ಬೆಳಿಗ್ಗೆಯಿಂದ ಶಾಲೆ, ಹೆಸರು ಬರೆಸಿ ಆಗಿದೆ. ಕಂಪ್ಯೂಟರ್, ಕುರ್ಚಿ, ಬಟ್ಟೆ ಎಲ್ಲವನ್ನೂ ನಿಂಗರಾಜ ವ್ಯಾನಿಗೆ ಏರಿಸಿದ್ದಾನೆ. ನಾನು ಆಡಿದ ಮಾತನ್ನು ಹಿಂದಕ್ಕೆ ತೆಗೆದುಕೊಳ್ಳುವವಳಲ್ಲ. ಹೊಸ್ತಿಲು ತುಳಿಯಬೇಡ ಎಂದು ನಿನಗೆ ಹೇಳಿದ್ದೆ. ಇವರಿಗೆ ದಾಟಬೇಡಿ ಎಂದು ಹೇಳಿರಲಿಲ್ಲ. ದಾಟಿಸಿದ್ದೇನೆ. ಮಾತು ಬಂದ ಮೇಲೆ ಎಲ್ಲಿರಬೇಕು ಎಂಬುದನ್ನು ಅವರೇ ಹೇಳಲಿ, ಅವರ ಬಾಯಿಯಿಂದಲೇ. ಆಗ ಅವರನ್ನು ಕರೆತರುವವಳು ನೀನಾದರೆ ಬಾಗಿಲಲ್ಲಿ ಯಾರೂ ತಡೆಯುವುದಿಲ್ಲ.

ಬೆಳಿಗ್ಗೆ ಸ್ನಾನವಾದ ಮೇಲೆ ಲಿಂಗವನ್ನು ಅಂಗೈಯ ಮೇಲೆ ಅವರೇ ಇರಿಸಿಕೊಳ್ಳುತ್ತಾರೆ, ನೀನು ಇಡಲು ಹೋಗಬೇಡ. ವಿಭೂತಿ, ಪತ್ರೆ ಮಾತ್ರ ನೀನು. ಅವಸರ ಮಾಡಬೇಡ. ಮಾತ್ರೆಗಳು ಹಸಿರು ಚೀಲದಲ್ಲಿವೆ. ರೊಟ್ಟಿಯನ್ನು ಹಾಲಿನಲ್ಲಿ ಪೂರ್ತಿ ನೆನೆಸು.

ಅಳಿಯಂದಿರಿಗೆ ನನ್ನ ಆಶೀರ್ವಾದ ತಿಳಿಸು. ನಿಮ್ಮ ಮನೆಯಲ್ಲಿ ದೀಪ ಆರದಿರಲಿ, ನಿನ್ನ ಕೈ ಹಿಡಿದ ಕೆಲಸ ಕೂಡಿಬರಲಿ. ಶಿವ ನಿಮ್ಮಿಬ್ಬರನ್ನೂ ಕಾಯಲಿ.

ನಿನ್ನ ಅವ್ವ,
ನೀಲಗಂಗಮ್ಮ ರೇವಣಸಿದ್ದಪ್ಪ

ಮತ್ತೆ: ನಿನ್ನೆ ಮಧ್ಯಾಹ್ನ ಪಾಪಯ್ಯನ ಕಾಂಪ್ಲೆಕ್ಸಿನಲ್ಲೇ ಇರುವ ಗೇಮ್ ಸೆಂಟರಿಗೆ ಹೋಗಿದ್ದೆ. ಒಳಗಿದ್ದವರೆಲ್ಲ ಎದ್ದು ನಿಂತರು, ಯಾರದೋ ತಾಯಿ ಹುಡುಕಿಕೊಂಡು ಬಂದಿದ್ದಾಳೆ ಎಂದುಕೊಂಡಿರಬೇಕು. ಆ ಆಟದಲ್ಲಿ ನನ್ನ ಹೆಸರಿನಲ್ಲಿ ಒಂದು ಅಕೌಂಟ್ ಮಾಡಿಸಿದೆ. ಇವರ ಹೆಸರಿಗೆ, ನನ್ನನ್ನು ಸೇರಿಸಿಕೊಳ್ಳಿ ಎಂದು ಕೋರಿಕೆ ಕಳಿಸಿದೆ. ಅಷ್ಟು ತಿಂಗಳು ಗೋಡೆಯ ಈಚೆ ನಾನಿದ್ದೆ. ನಿನಗೆ ಬರೆದರು, ಅಳಿಯಂದಿರಿಗೆ ಬರೆದರು. ನನಗೆ ಒಂದು ಪದ ಬರೆಯಬೇಕೆಂದು ಅವರಿಗೆ ಅನಿಸಲಿಲ್ಲ. ಅದನ್ನು ಮೇಲೆ ಎಲ್ಲೂ ಬರೆಯಲಾಗಲಿಲ್ಲ, ಇಲ್ಲಿ ಬರೆದಿದ್ದೇನೆ.

ಸಂಜೆ ಇವರು ಆಡುವಾಗ ಮೂಲೆಯಲ್ಲಿ ನನ್ನ ಹೆಸರಿನ ಚೀಟಿ ಎದ್ದಿತಂತೆ. ಜಯಶೀಲಾ ನೋಡಿದಳು. ಇವರು ಓದಿದರು, ಲಾರಿಯನ್ನು ಪಕ್ಕಕ್ಕೆ ನಿಲ್ಲಿಸಿದರು, ಆಮೇಲೆ ಏನೂ ಒತ್ತದೆ ಮತ್ತೆ ಓಡಿಸಿದರು ಎಂದಳು. ಆ ಕೋರಿಕೆ ಅಲ್ಲೇ ಇರುತ್ತದೆ, ಅವರು ಪರದೆ ತೆರೆದಾಗಲೆಲ್ಲ ಕಾಣುತ್ತದೆ. ನೀನು ಅವರಿಗೆ ಏನೂ ಹೇಳಬೇಡ. ಅವರ ಪರವಾಗಿ ನೀನು ಒತ್ತಬೇಡ.